ಕಾರೊಳಗಿನ ಹಲ್ಲಿ

ಆಗೆಲ್ಲ ಹೊಸೂರಿನ ಪಕ್ಕದ ನಮ್ಮ ತಳಿ ಕಡೆಯ ಊರುಗಳಲ್ಲಿ ಚಳಿಗಾಲ ಬಂದದ್ದು ಮೊದಲು ಗೊತ್ತಾಗುತ್ತಿದ್ದುದು ಮೂಗಿಗೆ. ಕಣದಲ್ಲಿ ಒಟ್ಟಿದ ರಾಗಿ ಹುಲ್ಲಿನ ವಾಸನೆ, ಅದರ ಬೆನ್ನಿಗೇ ಅವರೆಕಾಯಿಯ ಸೊಗಡು. ಬೆಳಗ್ಗೆ ಎದ್ದು ಹೊರಗೆ ಬಂದರೆ ಮಂಜಿನಲ್ಲಿ ಎದುರು ಮನೆ ಕಾಣುತ್ತಿರಲಿಲ್ಲ, ಆ ಮನೆಯ ತಾತನ ಕೆಮ್ಮು ಮಾತ್ರ ಕೇಳುತ್ತಿತ್ತು. ನಾನು ಅದೇ ಕೆಮ್ಮನ್ನು ಅದೇ ಎಳೆತದಲ್ಲಿ ವಾಪಸ್ಸು ಕೆಮ್ಮುತ್ತಿದ್ದೆ. ಮಂಜಿನೊಳಗಿಂದ "ಎದ್ದೇನ್ಲಾ ಕೋತಿ" ಎಂದು ಬಂದರೆ ಅವತ್ತಿನ ದಿನ ಸರಿಯಾಗಿ ಶುರುವಾಯಿತು ಎಂದರ್ಥ.

ನಾನು ಆರನೇ ಕ್ಲಾಸು. ಓದಿನಲ್ಲಿ ಹೇಳಿಕೊಳ್ಳುವಂಥದ್ದೇನೂ ಇರಲಿಲ್ಲ. ಮೈಯಲ್ಲಿ ಎದ್ದು ಕಾಣುತ್ತಿದ್ದುದು ಎರಡು ಕಿವಿ. ಹಿಂದಿನಿಂದ ನೋಡಿದವರಿಗೆ ಹಿಡಿಕೆ ಇರುವ ಚೆಂಬು ನಡೆದುಹೋದಂತೆ ಕಾಣುತ್ತಿತ್ತಂತೆ. ಆ ಕಿವಿಯೊಳಗೆ ಏನು ಬಿದ್ದರೂ ಬಾಯಲ್ಲಿ ಹೊರಗೆ ಬರುತ್ತಿತ್ತು. ತಳಿ ಬಸ್ಸಿನ ಕಂಡಕ್ಟರ್ ಹೊರಡುವಾಗ ತಮಿಳಿನಲ್ಲಿ ಮೂಗೆಳೆಯುವ "ಪೋಲಾಂ, ರೈಟ್", ಹೆಡ್ಮಾಷ್ಟ್ರು ಬೈಯುವ ಮೊದಲು ಗಂಟಲು ಸರಿಮಾಡಿಕೊಳ್ಳುವುದು, ಚಳಿಗೆ ಸ್ಟಾರ್ಟ್ ಆಗದ ಮೊಪೆಡ್ಡಿನ ಗೋಳು, ಎಲ್ಲ. ಆದರೆ ಹೆಸರು ತಂದುಕೊಟ್ಟದ್ದು ಹಲ್ಲಿ.

ಮಾತಿನ ನಡುವೆ ಹಲ್ಲಿ ಲೊಚಗುಟ್ಟಿದರೆ ಆಡಿದ ಮಾತು ನಿಜ ಎಂದು ನಮ್ಮಜ್ಜಿಗೆ ಕಲ್ಲಿನಂಥ ನಂಬಿಕೆ. ತಕ್ಷಣ ಬೆರಳ ಗೆಣ್ಣಿನಿಂದ ನೆಲಕ್ಕೆ ಮೂರು ಸಲ ತಟ್ಟಿ "ಕೃಷ್ಣ ಕೃಷ್ಣ" ಎನ್ನುತ್ತಿದ್ದಳು. ನಾಲಗೆಯ ತುದಿಯನ್ನು ಮೇಲಿನ ಹಲ್ಲಿನ ಹಿಂದೆ ಒತ್ತಿ, ಗಾಳಿ ಎಳೆದು, ಪಟ್ಟನೆ ಬಿಟ್ಟರೆ ಹಲ್ಲಿ. ತುಟಿ ಅಲುಗುವುದಿಲ್ಲ. ಅಜ್ಜಿ "ಹುಡುಗ ಸೊರಗ್ಬುಟ್ಟವ್ನೆ, ಒಂದು ಮೊಟ್ಟೆ ಬೇಯಿಸ್ಬೇಕು" ಎಂದಾಗ ಬಾಗಿಲ ಹಿಂದಿನಿಂದ ಹಲ್ಲಿ ನುಡಿಯುತ್ತಿತ್ತು. ಅಜ್ಜಿ ನೆಲ ತಟ್ಟುತ್ತಿದ್ದಳು. ಮೊಟ್ಟೆ ಬೇಯುತ್ತಿತ್ತು. ಆ ವರ್ಷ ನಮ್ಮ ಮನೆಯಲ್ಲಿ ನಿಜವಾದ ಮಾತುಗಳು ಬಹಳ ಇದ್ದವು.

ಆ ಚಳಿಗಾಲದಲ್ಲೇ ಅಪ್ಪ ವ್ಯಾನು ತಂದದ್ದು. ಹೊಸೂರಿನ ಒಂದು ಕಾರ್ಖಾನೆಯ ಪ್ರೆಸ್ ಶಾಪಿನಲ್ಲಿ ಅಪ್ಪ ಹನ್ನೆರಡು ವರ್ಷ ತಗಡು ಒತ್ತಿದ್ದ. ಒಂದು ದಿನ ಪ್ರೆಸ್ಸು ತಗಡಿನ ಜೊತೆ ಎಡಗೈ ತೋರುಬೆರಳಿನ ತುದಿಯನ್ನೂ ಒತ್ತಿಬಿಟ್ಟಿತು. ಗಾಯ ಒಣಗಿದ ಮೇಲೂ ಆ ಮೆಷಿನ್ನಿನ ಮುಂದೆ ನಿಂತರೆ ಕೈ ತಗಡಿನ ಹತ್ತಿರ ಹೋಗುತ್ತಿರಲಿಲ್ಲ. ಬಿಟ್ಟು ಬಂದ. ಸಿಕ್ಕಿದ ದುಡ್ಡಿಗೆ ಏಳು ಸೀಟಿನ ಬಿಳಿ ವ್ಯಾನು ಬಂತು, ಸೆಕೆಂಡ್ ಹ್ಯಾಂಡು; ಅಜ್ಜಿಯ ಬಾಯಲ್ಲಿ ಅದು ಕಾರು. ಎ.ಸಿ. ನಮ್ಮ ಮನೆಗೆ ಬರುವ ಮೊದಲೇ ಸತ್ತಿತ್ತು. ಅದರ ಗುಂಡಿ ತಿರುಗಿಸಿದರೆ ಹಳೇ ಯಜಮಾನನ ಬೀಡಿ ವಾಸನೆ ಮಾತ್ರ ಬರುತ್ತಿತ್ತು.

ನಮ್ಮ ಕಡೆಯ ಹಳ್ಳಿಗಳಿಂದ ಶಿಫ್ಟಿಗೆ ಹೋಗುವ ಹೆಣ್ಣುಮಕ್ಕಳನ್ನು ಒಂದು ಫ್ಯಾಕ್ಟರಿಗೆ ಬಿಟ್ಟು ಕರೆತರುವ ಕೆಲಸ ಅಪ್ಪನಿಗೆ ಹೆಚ್ಚುಕಮ್ಮಿ ಕುದುರಿತ್ತು. ಸೋಮವಾರ ಬೆಳಗ್ಗೆ ಗೇಟಿನಲ್ಲಿ ಸೆಕ್ಯೂರಿಟಿ ಆಫೀಸರು ಗಾಡಿ ನೋಡಬೇಕು, ಪಟ್ಟಿಯಲ್ಲಿರುವುದಕ್ಕೆಲ್ಲ ಟಿಕ್ ಹಾಕಬೇಕು, ಅಷ್ಟೇ ಬಾಕಿ. ಒಂದು ತಪ್ಪಿದರೂ ಮತ್ತಿಗಿರಿಯ ಇನ್ನೊಬ್ಬನ ವ್ಯಾನು ಹಿಂದೆಯೇ ಸಾಲಿನಲ್ಲಿ ನಿಂತಿರುತ್ತದೆ ಎಂದು ಕೆಲಸ ಹಿಡಿಸಿಕೊಟ್ಟ ಏಜೆಂಟು ಹೇಳಿಯೇ ಕಳಿಸಿದ್ದ.

ಭಾನುವಾರ ಬೆಳಗ್ಗೆ ಅಪ್ಪ ವ್ಯಾನು ತೊಳೆದ. ಅಮ್ಮ ಗುಲಾಬಿ ಬೆಳೆಯುವ ಶೆಡ್ಡಿನ ಕೆಲಸಕ್ಕೆ ಹೋಗಿದ್ದಳು. ಅಜ್ಜಿ ಜಗಲಿಯ ಮೇಲೆ ಮೊರ ತುಂಬ ಅವರೆಕಾಯಿ ಇಟ್ಟುಕೊಂಡು ಸುಲಿಯುತ್ತಿದ್ದಳು. ನಾನು ಪಟ್ಟಿ ಹಿಡಿದು, ಕಂಡೇ ಇರದ ಆಫೀಸರನ ದನಿ ಮಾಡಿಕೊಂಡು ಗಾಡಿ ಸುತ್ತ ನಡೆದೆ.

"ಹೆಡ್‌ಲೈಟು."

ಅಪ್ಪ ಹಾಕಿದ. ಉರಿಯಿತು.

"ಇಂಡಿಕೇಟರು. ವೈಪರು. ಫಸ್ಟ್ ಎಯ್ಡ್ ಡಬ್ಬ. ಡಬ್ಬದೊಳಗೆ ಔಷಧಿ ಐತೋ, ಮುರುಕು ಐತೋ."

"ಮುಚ್ಚಲಾ. ಮುಂದಕ್ಕೆ ಓದು."

"ಹಾರ್ನು."

ಅಪ್ಪ ಒತ್ತಿದ. ಏನೂ ಆಗಲಿಲ್ಲ. ಇನ್ನೊಮ್ಮೆ ಒತ್ತಿದ. ಅಂಗೈಯಿಂದ ಗುದ್ದಿದ. ಜಗಲಿಯಲ್ಲಿ ಅವರೆಕಾಯಿ ಸಿಪ್ಪೆ ಬೀಳುವ ಸದ್ದು ಮಾತ್ರ ಕೇಳಿತು.

"ನೆನ್ನೆ ಚೆನ್ನಾಗಿತ್ತಲ್ಲೋ," ಎಂದ ಅಪ್ಪ ತನಗೆ ತಾನೇ.

ಮೊದಲು ಫ್ಯೂಸ್ ಕಿತ್ತು ಬಿಸಿಲಿಗೆ ಹಿಡಿದು ನೋಡಿದ. ಸರಿಯಾಗಿತ್ತು. ಆಮೇಲೆ ನನ್ನನ್ನು ಕರೆದು ಡ್ರೈವರ್ ಸೀಟಿನಲ್ಲಿ ಕೂರಿಸಿದ. ನನಗೆ ಅದೇ ದೊಡ್ಡ ಹಬ್ಬ. ಪಕ್ಕದ ಸೀಟಿನ ಕಡೆಯ ಬಾಗಿಲು ತೆಗೆದು, ಕಾಲು ಹೊರಗೆ ಚಾಚಿ, ತಲೆಯನ್ನು ಡ್ಯಾಶ್‌ಬೋರ್ಡಿನ ಕೆಳಗೆ ತೂರಿಸಿ ಮಲಗಿದ. ಅಲ್ಲಿ ಬೆಂಕಿಪೊಟ್ಟಣಕ್ಕಿಂತ ಚಿಕ್ಕ ಕಪ್ಪು ಡಬ್ಬಿಗಳ ಸಾಲಿತ್ತು.

"ನೋಡ್ಲಾ ಚಂದ್ರ, ಇದು ರಿಲೇ ಅಂತ. ನೀನು ಅಲ್ಲಿ ಒತ್ತಿದ್ರೆ ಹಾರ್ನ್‌ಗೆ ಗೊತ್ತಾಗಲ್ಲ, ಇದಕ್ಕೆ ಗೊತ್ತಾಗೋದು. ಇದು ಟಿಕ್ ಅಂತ ಹಾರ್ನ್‌ಗೆ ಕರೆಂಟ್ ಬಿಡ್ತದೆ. ಟಿಕ್ ಅಂದ್ರೆ ರಿಲೇ ಬದುಕೈತೆ. ಇಲ್ಲಾಂದ್ರೆ ಹೋಗೈತೆ. ನಾನು ಕಿವಿ ಕೊಟ್ಟಿರ್ತೀನಿ. ಒತ್ತು."

ಅಪ್ಪನ ಕಿವಿ ಎಂದರೆ ಊರಿಗೇ ಗೊತ್ತು. ರಸ್ತೆಯ ತಿರುವಿನಲ್ಲಿ ಬರುವ ಬೈಕು ಯಾರದ್ದೆಂದು ಮನೆಯೊಳಗೆ ಕೂತು ಹೇಳುತ್ತಿದ್ದ. ಆ ಕಿವಿಯನ್ನು ಒಂದು ಸಲವಾದರೂ ಏಮಾರಿಸಬೇಕೆಂದು ನನಗೆ ಎಷ್ಟೋ ದಿನದ ಆಸೆ.

ಒತ್ತಿದೆ. ಏನೂ ಕೇಳಲಿಲ್ಲ. ತಲೆ ತಗ್ಗಿಸಿ, ಎದೆ ಸ್ಟೀರಿಂಗಿಗೆ ಒತ್ತಿ, ಹಲ್ಲಿ ಬಿಟ್ಟೆ. ಒಂದೇ ಒಂದು, ಚಿಕ್ಕದು.

"ಆ, ಬಂತು," ಎಂದ ಅಪ್ಪ. "ಸದ್ಯ. ರಿಲೇ ಚೆನ್ನಾಗೈತೆ."

ಆ 'ಸದ್ಯ' ಎಂಬ ಮಾತಿನಲ್ಲಿ ಎಷ್ಟು ನೆಮ್ಮದಿ ಇತ್ತೆಂದರೆ ನಗುವುದನ್ನೇ ಮರೆತೆ. ಹೇಳಿಬಿಡೋಣ ಎಂದು ಬಾಯಿ ತೆರೆಯುವಷ್ಟರಲ್ಲಿ ಅಪ್ಪ ಎದ್ದು, ಸ್ಪ್ಯಾನರ್ ಹಿಡಿದು ಗಾಡಿಯ ಮುಂದಕ್ಕೆ ಹೋಗಿಬಿಟ್ಟಿದ್ದ. ಇರಲಿ, ಊಟದ ಹೊತ್ತಿಗೆ ಹೇಳಿದರೆ ಇನ್ನೂ ಚೆನ್ನಾಗಿರುತ್ತದೆ ಎಂದುಕೊಂಡೆ. ಅಜ್ಜಿ ಎದುರಿಗಿರುತ್ತಾಳೆ, ನಗುವವರು ಇಬ್ಬರಾಗುತ್ತಾರೆ.

ಅಪ್ಪ ಬಂಪರಿನ ಹಿಂದಿನಿಂದ ಹಾರ್ನು ಬಿಚ್ಚಿ ತೆಗೆದ. ಎರಡು ವೈರು ಸಿಕ್ಕಿಸಿ ನೇರ ಬ್ಯಾಟರಿಗೆ ಮುಟ್ಟಿಸಿದ. ಕೋಳಿಗಳು ಬೇಲಿ ದಾಟಿ ಹಾರಿದವು. ಅಜ್ಜಿ ಕೈಯಲ್ಲಿದ್ದ ಕಾಯಿ ಬಿಟ್ಟು ಎದೆ ಹಿಡಿದುಕೊಂಡಳು. ಹಾರ್ನು ಗಟ್ಟಿಮುಟ್ಟಾಗಿತ್ತು.

ಅಪ್ಪನ ಹುಬ್ಬು ಗಂಟಿಕ್ಕಿದ್ದು ಆಗ. ಒಂದು ಬಲ್ಬಿಗೆ ವೈರು ಕಟ್ಟಿಕೊಂಡು ಹಾರ್ನಿನ ಜಾಗಕ್ಕೆ ಕರೆಂಟು ಬರುತ್ತಿದೆಯೇ ಎಂದು ನೋಡಿದ. ಇಲ್ಲ. "ರಿಲೇ ಟಿಕ್ ಅಂತೈತೆ, ಕರೆಂಟ್ ಬರ್ತಿಲ್ಲ. ಹಂಗಾದ್ರೆ ವೈರು ನಡುವೆ ಎಲ್ಲೋ ಕಟ್ಟಾಗೈತೆ," ಎಂದು ವೈರಿಗೆ ಸುತ್ತಿದ್ದ ಕಪ್ಪು ಟೇಪನ್ನು ಬ್ಲೇಡಿನಿಂದ ಸೀಳುತ್ತ ಬಂದ. ಗೇಣು ಗೇಣಾಗಿ ನೋಡಿದ. ಎಲ್ಲೂ ಕಟ್ಟಾಗಿರಲಿಲ್ಲ. ಇಲ್ಲದ್ದನ್ನು ಹುಡುಕಿದರೆ ಸಿಗುವುದೆಲ್ಲಿಂದ?

ಹನ್ನೆರಡರ ಹೊತ್ತಿಗೆ ಮತ್ತಿಗಿರಿಯ ಸೆಲ್ವಂಗೆ ಫೋನ್ ಹಚ್ಚಿದ. ಸೆಲ್ವಂ ಗಾಡಿ ಕರೆಂಟಿನ ಕೆಲಸದಲ್ಲಿ ಅಪ್ಪನಿಗೆ ಗುರು ಇದ್ದಂತೆ. ಅವತ್ತು ಕೃಷ್ಣಗಿರಿಯಲ್ಲಿ ನೆಂಟರ ಮದುವೆಯಲ್ಲಿದ್ದ. ಫೋನಿನ ಸ್ಪೀಕರಿನಲ್ಲಿ ಹಿಂದೆ ನಾದಸ್ವರ.

"ರಿಲೇ ಸತ್ತಂ ವರುದಾ ಅಣ್ಣೆ?" ಎಂದು ಕೇಳಿದ. ಮೊದಲ ಪ್ರಶ್ನೆಯೇ ಅದು, ರಿಲೇ ಸದ್ದು ಬರುತ್ತಿದೆಯಾ ಎಂದು.

"ವರುದು, ವರುದು. ನಾನೇ ಕಿವಿಯಾರೆ ಕೇಳ್ದೆ."

"ಇನ್ನೊಂದು ಸತಿ ಕೇಳ್ಬಿಡಿ," ಎಂದ ಸೆಲ್ವಂ ಕನ್ನಡಕ್ಕೆ ಬಂದು. "ಅದು ಗ್ಯಾರಂಟಿ ಆದ್ರೆ ಆಮೇಲೆ ಡ್ಯಾಶ್‌ಬೋರ್ಡ್ ಬಿಚ್ಬೇಕು. ದೊಡ್ಡ ಕೆಲಸ."

ಅಪ್ಪ ಮತ್ತೆ ಕೆಳಗೆ ಮಲಗಿ ತಲೆ ತೂರಿಸಿದ. ಫೋನು ಎದೆಯ ಮೇಲೆ ನಾದಸ್ವರ ಊದುತ್ತಿತ್ತು. "ಒತ್ಲಾ."

ಮೊದಲ ಸಲ ಮಾಡಿದ್ದು ತಮಾಷೆ. ಅದನ್ನು ನಾನು ಇವತ್ತಿಗೂ ಒಪ್ಪಿಕೊಳ್ಳುತ್ತೇನೆ. ಈಗ ಸುಮ್ಮನೆ ಇದ್ದಿದ್ದರೆ ಎಲ್ಲ ಸರಿಹೋಗುತ್ತಿತ್ತು. ಆದರೆ ಸುಮ್ಮನಿದ್ದರೆ ಅಪ್ಪ ಕೇಳುತ್ತಾನೆ: ಬೆಳಗ್ಗೆ ಬಂದ ಸದ್ದು ಈಗೆಲ್ಲಿ ಹೋಯ್ತು? ಹಾರ್ನು ಬಿಚ್ಚಿಯಾಗಿತ್ತು, ವೈರು ಸೀಳಿಯಾಗಿತ್ತು, ಅರ್ಧ ದಿನ ಹೋಗಿತ್ತು. ನನ್ನ ಬೆರಳು ಹಾರ್ನಿನ ಮೇಲಿತ್ತು, ನಾಲಗೆ ಹಲ್ಲಿನ ಹಿಂದೆ ತಾನಾಗೇ ಹೋಗಿ ಕೂತಿತ್ತು.

ಟಿಕ್.

"ಬಂತು ಸೆಲ್ವಂ. ಕ್ಲಿಯರಾಗಿ ಬಂತು."

"ಹಂಗಾದ್ರೆ ಡ್ಯಾಶ್ ಬಿಚ್ಚಿ ಅಣ್ಣೆ. ನಾನು ಮಂಗಳವಾರನೇ ಬರಕ್ಕಾಗೋದು."

ಅಪ್ಪನಿಗೆ ಮಂಗಳವಾರದವರೆಗೆ ಹೊತ್ತಿರಲಿಲ್ಲ.

ಮುದ್ದೆ ಆಯಿತು, ಹಿತಕಿದವರೆ ಸಾರಾಯಿತು. ಸಾರಿನ ಘಮ ವ್ಯಾನಿನೊಳಗೆ ಬಂದು ಕೂತರೂ ಅಪ್ಪ ಏಳಲಿಲ್ಲ. ಒಂದೊಂದೇ ಸ್ಕ್ರೂ ಬಿಚ್ಚಿ ನನ್ನ ಅಂಗೈಗೆ ಹಾಕುತ್ತಿದ್ದ. ಸ್ಪೀಡೋಮೀಟರಿನ ಸುತ್ತಲ ಪ್ಲಾಸ್ಟಿಕ್ಕು ಎಳೆದಾಗ ಟಪ್ ಎಂದಿತು, ಒಂದು ಮೂಲೆ ಮುರಿದು ಕೈಗೆ ಬಂತು. ಅಪ್ಪ ಬೈಯಲಿಲ್ಲ. ಆ ಚೂರನ್ನು ನೋಡಿ ಜೇಬಿಗೆ ಹಾಕಿಕೊಂಡ. ಬೈದಿದ್ದರೆ ವಾಸಿಯಿತ್ತು.

ಅಜ್ಜಿ ಕಿಟಕಿಗೆ ಬಂದು, "ಲೇ ಮುನಿರಾಜ, ಹೊಟ್ಟೆಗೆ ಹಾಕ್ಕೊಂಡು ಮಾಡ್ಲಾ," ಎಂದಳು.

"ನಾಳೆ ಇದಾಗಲಿಲ್ಲ ಅಂದ್ರೆ ಪ್ರೆಸ್ ಶಾಪಿಗೇ ಹೋಯ್ತೀನಿ ಕಣವ್ವ," ಎಂದ ಅಪ್ಪ ತಲೆ ಎತ್ತದೆ. "ಸೂಪರ್‌ವೈಸರು ಮೊನ್ನೆನೂ ಕೇಳ್ದ, ಬತ್ತೀಯಾ ಅಂತ. ಬತ್ತೀನಿ ಅಂತೀನಿ. ಇನ್ನೂ ಒಂಬತ್ತು ಬೆರಳು ಐತಲ್ಲ."

ಅಪ್ಪ ಅದನ್ನು ತಮಾಷೆಗೆ ಹೇಳಿದ್ದ. ಯಾರೂ ನಗಲಿಲ್ಲ. ನನ್ನ ಅಂಗೈಯಲ್ಲಿದ್ದ ಸ್ಕ್ರೂಗಳು ಬೆವರಿಗೆ ಒದ್ದೆಯಾಗಿದ್ದವು. ಅವನ್ನು ಸೀಟಿನ ಮೇಲೆ ಇಟ್ಟು, ಇಳಿದು, ಜಗಲಿಗೆ ಹೋಗಿ ಅಜ್ಜಿಯ ಪಕ್ಕ ಕೂತೆ.

ಹೇಳಬೇಕೆಂದೇ ಹೋದದ್ದು. ಆದರೆ ಬಾಯಲ್ಲಿ ಕಂಡಕ್ಟರು ಇದ್ದ, ಹೆಡ್ಮಾಷ್ಟ್ರು ಇದ್ದರು, ಕೆಮ್ಮುವ ತಾತ ಇದ್ದ; 'ನಾನೇ ಮಾಡಿದ್ದು' ಎನ್ನುವ ದನಿ ಯಾವುದೆಂದು ಹುಡುಕಿದರೆ ಸಿಗಲಿಲ್ಲ. ಕೊನೆಗೆ ಅಜ್ಜಿಯ ಮುಖ ನೋಡುತ್ತಲೇ, ಬಾಗಿಲ ಹಿಂದೆ ಅಡಗದೆ, ಹಲ್ಲಿ ಬಿಟ್ಟೆ.

ಅಜ್ಜಿ ನೆಲ ತಟ್ಟಲಿಲ್ಲ. ಕೈಯಲ್ಲಿದ್ದ ಕಾಳನ್ನು ಹಿತಕಿ ಬಟ್ಟಲಿಗೆ ಹಾಕಿದಳು.

"ನೀನು ಸ್ಕೂಲಿಗೆ ಹೋದಾಗ ಮನೇಲಿ ಹಲ್ಲಿ ಸದ್ದು ಮಾಡಲ್ಲ ಅಂತ ನಂಗೆ ಎಂದೋ ಗೊತ್ತು ಕಣ್ಲಾ," ಎಂದಳು. ಆಮೇಲೆ ವ್ಯಾನಿನ ಕಡೆ ನೋಡಿದಳು. ನನ್ನ ಕಡೆ ನೋಡಿದಳು. "ಅದು ಕಾರೊಳಕ್ಕೂ ಹೋಗಿತ್ತಾ?"

ತಲೆಯಾಡಿಸಿದೆ.

"ಎಷ್ಟು ಸತಿ?"

ಎರಡು ಬೆರಳು ತೋರಿಸಿದೆ.

"ಹೋಗಿ ನಿಮ್ಮಪ್ಪಂಗೆ ಯೇಳು."

"ಆಗಕಿಲ್ಲ ಅಜ್ಜಿ."

ಅಜ್ಜಿ ಎದ್ದು ಒಳಗೆ ಹೋಗಿ ಮುದ್ದೆಯ ತಟ್ಟೆ ಹಿಡಿದು ಬಂದಳು. ಮೊಣಕಾಲು ಹಿಡಿದುಕೊಂಡು ವ್ಯಾನು ಹತ್ತಿ, ಡ್ರೈವರ್ ಸೀಟಿನ ಹಿಂದೆ ಕೂತಳು. ನಾನು ಅವಳ ಮುಂದೆ ಕೂತೆ.

"ಮುನಿರಾಜ, ಆ ಡಬ್ಬೀನ ಇನ್ನೊಂದು ಸತಿ ಕೇಳು."

"ಎರಡು ಸತಿ ಕೇಳಾಯ್ತು ಕಣವ್ವ."

"ನಾನಿದ್ದಾಗ ಕೇಳಿಲ್ಲ. ಕೇಳು."

ಅಪ್ಪ ಉಸಿರು ಬಿಟ್ಟು, ಬಿಚ್ಚಿದ ವೈರುಗಳ ನಡುವೆ ತಲೆ ತೂರಿಸಿದ. ಅಜ್ಜಿ ನಿಂಬೆಕಾಯಿ ಗಾತ್ರದ ಮುದ್ದೆ ಮುರಿದು, ಸಾರಿನಲ್ಲಿ ಅದ್ದಿ, ನನ್ನ ಬಾಯಿಗೆ ಇಟ್ಟಳು. ಕಿವಿಯಲ್ಲಿ, "ನುಂಗ್ಬೇಡ," ಎಂದಳು. ನಾಲಗೆ ಅಲುಗಿಸಲು ಜಾಗ ಇರಲಿಲ್ಲ.

"ಒತ್ತು," ಎಂದ ಅಪ್ಪ.

ಒತ್ತಿದೆ.

"ಒತ್ತಿದೇನ್ಲಾ?"

"ಒತ್ತವ್ನೆ," ಎಂದಳು ಅಜ್ಜಿ.

"ಇನ್ನೊಂದು ಸತಿ."

ಒತ್ತಿದೆ. ಕಣ್ಣಲ್ಲಿ ನೀರು ಬಂದಿತ್ತು, ಅರ್ಧ ಸಾರಿನ ಖಾರಕ್ಕೆ. ಅಪ್ಪ ನಿಧಾನವಾಗಿ ತಲೆ ಹೊರಗೆ ತೆಗೆದ. ಉಬ್ಬಿದ ನನ್ನ ಕೆನ್ನೆಯನ್ನು ನೋಡಿದ. ಅಜ್ಜಿಯ ಕೈಯಲ್ಲಿದ್ದ ತಟ್ಟೆ ನೋಡಿದ. ಅಜ್ಜಿ ಕಿಟಕಿಯಿಂದ ಹೊರಗೆ ಕೋಳಿ ನೋಡುತ್ತಿದ್ದಳು.

"ನುಂಗು," ಎಂದ.

ನುಂಗಿದೆ.

"ಈಗ ನೀನು ಬೆಳಗ್ಗೆ ಮಾಡಿದ್ದು ಮಾಡು."

ಮೊದಲ ಸಲ ಬರೀ ಗಾಳಿ ಬಂತು. ಎರಡನೇ ಸಲ ಎಂಜಲು. ಮೂರನೇ ಸಲ ಬಂತು. ಇಷ್ಟು ವರ್ಷದಲ್ಲಿ ಎಷ್ಟೋ ಜನರ ಮುಂದೆ ಎಷ್ಟೋ ದನಿ ಮಾಡಿದ್ದೇನೆ. ಅಷ್ಟು ಕಷ್ಟದ ಐಟಂ ಇನ್ನೊಂದಿಲ್ಲ.

ಹೊಡೆತಕ್ಕೆ ಕೆನ್ನೆ ಸಿದ್ಧ ಮಾಡಿಕೊಂಡು ಕೂತಿದ್ದೆ. ಅಪ್ಪ ಹೊಡೆಯಲಿಲ್ಲ. ತನ್ನ ಕಿವಿಯನ್ನು ಒಮ್ಮೆ ಮುಟ್ಟಿಕೊಂಡ, ಅದು ಅಲ್ಲಿದೆಯೋ ಇಲ್ಲವೋ ಎನ್ನುವಂತೆ. "ಟಾರ್ಚ್ ಹಿಡಿ," ಎಂದ, ಅಷ್ಟೇ.

ರಿಲೇಯನ್ನು ಅಲ್ಲಾಡಿಸಿ ಕಿತ್ತ. ನಾಲ್ಕು ಹಿತ್ತಾಳೆ ಕಾಲು. ಒಂದು ಕಾಲು ಹಸಿರು ಹಸಿರಾಗಿತ್ತು. ಚಾಕುವಿನಿಂದ ಮುಚ್ಚಳ ಎಬ್ಬಿಸಿದರೆ ಒಳಗೆ ದಾರದ ಉಂಡೆಯಂಥ ತಾಮ್ರದ ಸುರುಳಿ, ಅದರ ಕೂದಲೆಳೆಯಂಥ ತುದಿ ಕಿಲುಬು ತಿಂದು ತುಂಡಾಗಿತ್ತು. ಎಲ್ಲಿಂದಲೋ ನೀರು ಜಿನುಗಿ ಎಷ್ಟು ದಿನದಿಂದ ತಿನ್ನುತ್ತಿತ್ತೋ. ಅದು ಟಿಕ್ ಎನ್ನಲು ಸಾಧ್ಯವೇ ಇರಲಿಲ್ಲ.

ಭಾನುವಾರ ಸಂಜೆ ನಾಲ್ಕೂವರೆ. ತಳಿಯಲ್ಲಿ ಸ್ಪೇರ್ ಪಾರ್ಟಿನ ಅಂಗಡಿ ಇಲ್ಲ, ಸೆಲ್ವಂ ಅಂಗಡಿಗೆ ಬೀಗ. ಅಪ್ಪ ಟಾರ್ಚಿನ ಬೆಳಕಿನಲ್ಲಿ ಆ ಡಬ್ಬಿಗಳ ಸಾಲನ್ನೇ ನೋಡುತ್ತ ಕೂತ. ಆಮೇಲೆ ಪಕ್ಕದ್ದೊಂದನ್ನು ಕಿತ್ತು, ಎರಡನ್ನೂ ಅಂಗೈಯಲ್ಲಿ ಅಕ್ಕಪಕ್ಕ ಇಟ್ಟ. ಅದೇ ಗಾತ್ರ, ಅದೇ ನಾಲ್ಕು ಕಾಲು, ಮೇಲೆ ಬರೆದ ನಂಬರೂ ಅದೇ.

"ಇದ್ಯಾವುದಪ್ಪಾ?" ಬೆಳಗಿನಿಂದ ನನ್ನ ಸ್ವಂತ ದನಿಯಲ್ಲಿ ಬಂದ ಮೊದಲ ಮಾತು.

"ಎ.ಸಿ.ದು. ಎ.ಸಿ. ಸತ್ರೂ ಇದು ಕೆಲಸಕ್ಕೆ ಕಾಯ್ಕೊಂಡು ಕೂತೈತೆ."

ಹಾರ್ನಿನ ಜಾಗಕ್ಕೆ ಅದನ್ನು ಕೂರಿಸಿದ. ಈ ಸಲ ಕಿವಿ ಕೊಡಲಿಲ್ಲ. ತುದಿಯಿಲ್ಲದ ತೋರುಬೆರಳನ್ನು ರಿಲೇಯ ತಲೆಯ ಮೇಲೆ ಇಟ್ಟ. "ಒತ್ತು."

ಒತ್ತಿದೆ. ಟಿಕ್ ಎಂದಿತು. ನಾನಲ್ಲ. ಅಪ್ಪ ನನ್ನ ಮುಖ ನೋಡುತ್ತಿದ್ದ, ಬೆರಳು ಅಲ್ಲೇ ಇತ್ತು. "ಇನ್ನೊಂದು ಸತಿ," ಎಂದ. ಬೆರಳಿಗೆ ತಾಗಿತೇನೋ, ತಲೆಯಾಡಿಸಿದ.

ಹಾರ್ನು ಮತ್ತೆ ಬಂಪರಿನ ಹಿಂದೆ ಹೋಯಿತು. ಸೀಳಿದ ವೈರಿಗೆಲ್ಲ ಟೇಪು ಸುತ್ತಿ, ಡ್ಯಾಶ್‌ಬೋರ್ಡ್ ಜೋಡಿಸುವಷ್ಟರಲ್ಲಿ ದೀಪ ಹಚ್ಚುವ ಹೊತ್ತು. ಮುರಿದ ಮೂಲೆ ಅಂಟಲಿಲ್ಲ. ಅಲ್ಲಿ ಅಜ್ಜಿ ಕೊಟ್ಟ ಅರಿಶಿನದ ದಾರ ಕಟ್ಟಿದ, ಪೂಜೆಗೆ ಕಟ್ಟಿದ್ದು ಎನ್ನುವ ಹಾಗೆ. ಕೊನೆಗೆ ಒತ್ತಿದಾಗ ಹಾರ್ನು ಕೂಗಿದ ಕೂಗಿಗೆ ಕೋಳಿಗಳು ಮತ್ತೆ ಬೇಲಿ ದಾಟಿದವು. ಅಪ್ಪ ಆಮೇಲೆಯೇ ತಣ್ಣಗಾದ ಮುದ್ದೆ ತಿಂದದ್ದು.

ಮರುದಿನ ಸ್ಕೂಲಿಗೆ ಹೋಗಬೇಕಿದ್ದ ನನ್ನನ್ನು, "ಬಾ, ನೀನೂ ನೋಡು," ಎಂದು ಕರೆದೊಯ್ದ. ಗೇಟಿನಲ್ಲಿ ಮತ್ತಿಗಿರಿಯವನ ವ್ಯಾನು ನಿಜವಾಗಿಯೂ ಹಿಂದೆ ನಿಂತಿತ್ತು. ಆಫೀಸರು ನಾನು ಮಾಡಿದ್ದ ದನಿಯವರಲ್ಲ, ಮೆತ್ತಗೆ ಮಾತಾಡುವ ಮನುಷ್ಯ. ಒಂದೊಂದಕ್ಕೂ ಟಿಕ್ ಹಾಕುತ್ತ ಬಂದು ಸೀಟಿನಲ್ಲಿ ಕೂತು ಹಾರ್ನಿನ ಮೇಲೆ ಅಂಗೈ ಇಟ್ಟರು. ನಾನು ಹಿಂದಿನ ಸೀಟಿನಲ್ಲಿದ್ದೆ. ಅಪ್ಪ ಹೊರಗೆ ಬಾಗಿಲ ಪಕ್ಕ ನಿಂತಿದ್ದ.

ಹಾರ್ನು ಕೂಗಿತು, ಗಟ್ಟಿಯಾಗಿ, ಉದ್ದಕ್ಕೆ. ಆ ಹೊತ್ತಿನಲ್ಲಿ ಅಪ್ಪ ಆಫೀಸರನ್ನು ನೋಡಲಿಲ್ಲ, ಪಟ್ಟಿಯನ್ನು ನೋಡಲಿಲ್ಲ. ನನ್ನ ಬಾಯಿ ನೋಡಿದ. ನಾನು ಅಂಗೈಯಿಂದ ಬಾಯಿ ಮುಚ್ಚಿಕೊಂಡೇ ಕೂತಿದ್ದೆ.

ಕೆಲಸ ಸಿಕ್ಕಿತು. ಮಂಗಳವಾರ ಅಪ್ಪ ಸೆಲ್ವಂ ಅಂಗಡಿಯಲ್ಲಿ ಹೊಸ ರಿಲೇ ಕೊಂಡು, ಅದನ್ನು ನನ್ನ ಕೈಯಲ್ಲೇ ಹಾಕಿಸಿದ. ಆದರೆ ಗೇಟಿನಲ್ಲಿ ಅಪ್ಪ ನನ್ನನ್ನು ನೋಡಿದ ಆ ನೋಟಕ್ಕೆ ಬದಲಿ ಯಾವ ಅಂಗಡಿಯಲ್ಲೂ ಸಿಗಲಿಲ್ಲ. ಅಲ್ಲಿಂದ ಮುಂದೆ ಅಪ್ಪ ಯಾವ ರಿಲೇ ನೋಡಿದರೂ ಮೊದಲು ಬೆರಳಿಡುತ್ತಿದ್ದ, ಕಿವಿ ಕೊಡುತ್ತಿರಲಿಲ್ಲ.

ಈಗ ನಾನು ಹೊಸೂರಿನ ಒಂದು ಕಾರ್ ಸರ್ವೀಸ್ ಸೆಂಟರಿನಲ್ಲಿದ್ದೇನೆ. ಗಾಡಿಯಲ್ಲಿ ಏನೋ ಸದ್ದು ಬರುತ್ತದೆ ಎಂದು ಬಂದವರಿಗೆ ಯಾವ ಸದ್ದೆಂದು ಹೇಳಲು ಬರುವುದಿಲ್ಲ. ನಾನು ಒಂದೊಂದೇ ಮಾಡಿ ತೋರಿಸಿ "ಹೀಗಾ ಸರ್, ಇಲ್ಲ ಹೀಗಾ" ಎಂದು ಕೇಳುತ್ತೇನೆ. ಸಂಬಳ ಕೊಡುವುದು ಅದಕ್ಕೇ ಎಂದು ಜೊತೆಯವರ ಗುಮಾನಿ. ಹೊಸ ಕಾರುಗಳಲ್ಲಿ ಇಂಡಿಕೇಟರ್ ಹಾಕಿದರೆ ಬರುವ ಟಿಕ್ ಟಿಕ್ ರಿಲೇಯದ್ದಲ್ಲ, ಸ್ಪೀಕರಿನಿಂದ ಬರುವುದು. ಕಾರೇ ಮಿಮಿಕ್ರಿ ಕಲಿತಿದೆ. ನನ್ನಷ್ಟು ಚೆನ್ನಾಗಿ ಮಾಡುವುದಿಲ್ಲ.

ಅಜ್ಜಿ ಹೋಗಿ ಮೂರು ವರ್ಷವಾಯಿತು. ಅಪ್ಪನ ಕಿವಿ ಮಂದವಾಗಿದೆ. ಪ್ರೆಸ್ ಶಾಪಿನ ಹಳೇ ಸದ್ದು ಈಗ ಬಂದು ಮುಟ್ಟಿದೆ ಎಂದರು ಡಾಕ್ಟರು. ದಪ್ಪ ದನಿ ಕೇಳುತ್ತದೆ, ಸಣ್ಣ ಸದ್ದು ಕೇಳುವುದಿಲ್ಲ. ಬೈಕು ಅಂಗಳಕ್ಕೆ ಬಂದು ನಿಂತ ಮೇಲೆ ಯಾರು ಎಂದು ಕೇಳುತ್ತಾನೆ.

ಹೋದ ಭಾನುವಾರ ಅಪ್ಪನ ಈಗಿನ ವ್ಯಾನಿನ ಹಾರ್ನು ನಿಂತಿತ್ತು. ಅವನು ಪಕ್ಕದ ಸೀಟಿನ ಕಡೆಯಿಂದ ಬಗ್ಗಿ ರಿಲೇ ಮೇಲೆ ಮೋಟು ಬೆರಳಿಟ್ಟ, ನಾನು ಡ್ರೈವರ್ ಸೀಟಿನಲ್ಲಿ ಕೂತೆ. ಜಗಲಿಯಿಂದ ಅಜ್ಜಿಯ ಮೊರದ ಸದ್ದಿಲ್ಲ. ಹಾರ್ನಿನ ಮೇಲೆ ಕೈಯಿಡುವ ಮೊದಲು, ಅಪ್ಪನ ಕಿವಿಯ ಹತ್ತಿರಕ್ಕೇ ಬಾಗಿ, ಒಂದು ಹಲ್ಲಿ ಬಿಟ್ಟೆ. ಹಳೆಯದೇ, ಚಿಕ್ಕದು, ಚೊಕ್ಕವಾಗಿ ಬಂತು.

ಅಪ್ಪ ತಿರುಗಲಿಲ್ಲ. "ಒತ್ಲಾ, ಯಾಕೆ ಕಾಯ್ತಿದೀಯ," ಎಂದ.

ಅಜ್ಜಿ ತಟ್ಟುತ್ತಿದ್ದ ಹಾಗೆ ಬೆರಳ ಗೆಣ್ಣಿನಿಂದ ಡ್ಯಾಶ್‌ಬೋರ್ಡಿಗೆ ನಾನೇ ಮೂರು ಸಲ ತಟ್ಟಿ, ಹಾರ್ನು ಒತ್ತಿದೆ.